61 ಮಕ್ಕಳಿಗೆ ಮೂವರು ಮೇಷ್ಟ್ರು, 60ಕ್ಕೆ ಇಬ್ಬರು

ಹೆಚ್ಚುವರಿ ಎನಿಸಿಕೊಂಡ ಶಿಕ್ಷಕರು ಕೆಲಸವನ್ನೂ ಸಂಬಳವನ್ನೂ ಉಳಿಸಿಕೊಳ್ಳಲು ಮಾಡಬೇಕಾದದ್ದೇನು?

2009ರ ಶಿಕ್ಷಣ ಹಕ್ಕು ಕಾಯ್ದೆಯ ಕೊನೆಗೆ ಒಂದು ಅನುಸೂಚಿ ಇದೆ. ಒಂದರಿಂದ ಐದನೇ ತರಗತಿವರೆಗಿನ ಶಾಲೆಯಲ್ಲಿ 60 ಮಕ್ಕಳವರೆಗೆ ಇಬ್ಬರು ಶಿಕ್ಷಕರು, 61ರಿಂದ 90ರವರೆಗೆ ಮೂವರು, 91ರಿಂದ 120ರವರೆಗೆ ನಾಲ್ವರು, 121ರಿಂದ 200ರವರೆಗೆ ಐವರು ಎಂದು ಅದು ಹೇಳುತ್ತದೆ. 61 ಮಕ್ಕಳಿದ್ದ ಶಾಲೆಯಿಂದ ಒಂದೇ ಒಂದು ಕುಟುಂಬ ಟಿ.ಸಿ. ತೆಗೆದುಕೊಂಡು ಬೆಂಗಳೂರಿಗೋ ಹೊಸೂರಿಗೋ ಹೊರಟುಹೋದರೆ ಸಾಕು, ಮೂರನೇ ಮೇಷ್ಟ್ರ ಹುದ್ದೆ ಕಾಗದದ ಮೇಲೆ ಹೆಚ್ಚುವರಿಯಾಗುತ್ತದೆ. ಅವರ ಪಾಠದಲ್ಲಿ ಕುಂದಿಲ್ಲ, ನಡತೆಯಲ್ಲಿ ದೋಷವಿಲ್ಲ. ಆದರೂ ಮುಂದಿನ ತಿಂಗಳ ಸಂಬಳ ಬರುತ್ತದೋ ಇಲ್ಲವೋ ಎಂಬ ಚಿಂತೆ ಆ ಮನೆಗೆ ಹೊಕ್ಕುಬಿಡುತ್ತದೆ.

ಬಂಗಾರಪೇಟೆ, ಕೆಜಿಎಫ್ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. 2001ರ ಫೆಬ್ರವರಿ 28ರಂದು ಭಾರತ್ ಗೋಲ್ಡ್ ಮೈನ್ಸ್ ಬಾಗಿಲು ಹಾಕಿದ ಮೇಲೆ ಚಾಂಪಿಯನ್ ರೀಫ್, ಮಾರಿಕುಪ್ಪಂ, ಉರಿಗಾಂ, ಕೋರಮಂಡಲದ ಲೈನುಗಳಿಂದ ಎಷ್ಟೋ ಕುಟುಂಬಗಳು ಊರು ಬಿಟ್ಟವು. ಉಳಿದವರಲ್ಲಿ ಬಹಳ ಮಂದಿ ನಸುಕಿನ ರೈಲು ಹಿಡಿದು ಬೆಂಗಳೂರಿಗೆ ದುಡಿಯಲು ಹೋಗಿ ರಾತ್ರಿಗೆ ಮರಳುತ್ತಾರೆ. ಕನ್ನಡದ ಜೊತೆಗೆ ತಮಿಳು, ತೆಲುಗು, ಉರ್ದು ಮಾಧ್ಯಮದ ಮಕ್ಕಳೂ ಕಲಿಯುತ್ತಿದ್ದ ಪಟ್ಟಣ ಇದು. ಗಣಿಯ ಕೂಲಿ ನಿಂತಿತು, ಮಕ್ಕಳು ಇಂಗ್ಲಿಷ್ ಮಾಧ್ಯಮದ ಕಡೆಗೆ ಹೊರಳಿದರು. ಈ ಎರಡೂ ಸೇರಿ ಹಳೆಯ ಅನುದಾನಿತ ಶಾಲೆಗಳ ಬೆಂಚುಗಳನ್ನು ಖಾಲಿ ಮಾಡಿದವು. ಬೂದಿಕೋಟೆ, ಕಾಮಸಮುದ್ರದ ಹಳ್ಳಿ ಶಾಲೆಗಳ ಕಥೆ ಸ್ವಲ್ಪ ಬೇರೆ ಇರಬಹುದು, ಕೊನೆಗೆ ಬರುವ 'ಹೆಚ್ಚುವರಿ' ಎಂಬ ಕಾಗದ ಮಾತ್ರ ಒಂದೇ.

ಆ ಕಾಗದ ಬಂದಾಗ ನಮ್ಮ ಮೇಷ್ಟ್ರುಗಳು, ಟೀಚರಮ್ಮಗಳು ಸಾಮಾನ್ಯವಾಗಿ ಮಾಡುವುದು ಎರಡೇ. ಒಂದು, ಪರಿಚಯದ ಮುಖಂಡರನ್ನು ಹಿಡಿಯುವುದು. ಎರಡು, 'ಸಾಹೇಬರು ನೋಡೋಣ ಅಂದಿದ್ದಾರೆ' ಎಂದು ಕಾಯುವುದು. ಈ ಕಾಯುವಿಕೆಯಲ್ಲೇ ನ್ಯಾಯ ಕೈಜಾರುತ್ತದೆ. ಇಂಥ ವ್ಯಾಜ್ಯದ ಗೆಲುವು ಸೋಲು ಬಹುಮಟ್ಟಿಗೆ ಮೊದಲ ಮೂರು ತಿಂಗಳಲ್ಲೇ ತೀರ್ಮಾನವಾಗಿಬಿಡುತ್ತದೆ ಎಂಬುದನ್ನು ಒತ್ತಿ ಹೇಳಲೆಂದೇ ಈ ಲೇಖನ.

ಮೊದಲು ನಿಮ್ಮ ಬಾಗಿಲು ಯಾವುದು ತಿಳಿಯಿರಿ

ಶಿಕ್ಷಕರೆಲ್ಲ ಒಂದೇ ಕೆಲಸ ಮಾಡಿದರೂ ಕಾನೂನಿನ ಕಣ್ಣಿಗೆ ಅವರು ಮೂರು ಬಗೆ.

ಸರ್ಕಾರಿ ಶಾಲೆಯವರು ರಾಜ್ಯದ ನೌಕರರು. ಅವರ ಸೇವಾ ವಿಷಯದ ತಕರಾರು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಅಂದರೆ ಎಲ್ಲರೂ ಕೆಎಟಿ ಎನ್ನುವ ಜಾಗಕ್ಕೆ. ನೇರವಾಗಿ ಹೈಕೋರ್ಟಿಗೆ ಹೋದರೆ ಮೊದಲು ಅಲ್ಲಿಗೆ ಹೋಗಿ ಬನ್ನಿ ಎಂದು ಕಳಿಸುತ್ತಾರೆ.

ಅನುದಾನಿತ ಶಾಲೆಯವರ ಸ್ಥಿತಿ ಎರಡು ದೋಣಿಯಲ್ಲಿ ಕಾಲಿಟ್ಟಂತೆ. ಸಂಬಳ ಸರ್ಕಾರದ್ದು, ನೇಮಕ ಆಡಳಿತ ಮಂಡಳಿಯದ್ದು. ಹುದ್ದೆ ಹೆಚ್ಚುವರಿಯಾದಾಗ ಇಲಾಖೆ 'ಅನುದಾನ ನಿಲ್ಲಿಸಿದ್ದೇವೆ, ನೀವು ಅವರ ನೌಕರರು' ಎನ್ನುತ್ತದೆ. ಮಂಡಳಿ 'ಸಂಬಳ ಕೊಡುವವರು ಅವರು, ನಮ್ಮ ಬಳಿ ದುಡ್ಡೆಲ್ಲಿದೆ' ಎನ್ನುತ್ತದೆ. ಇವರಿಗೆ ಅನ್ವಯಿಸುವುದು 1983ರ ಕರ್ನಾಟಕ ಶಿಕ್ಷಣ ಕಾಯ್ದೆ. ಹೆಸರಿನಲ್ಲಿ 1983 ಇದ್ದರೂ ಅದು ಜಾರಿಗೆ ಬಂದದ್ದು 1995ರಲ್ಲಿ. ಅದಕ್ಕೂ ಮುಂಚೆ 1975ರ ಖಾಸಗಿ ಶಿಕ್ಷಣ ಸಂಸ್ಥೆಗಳ ಶಿಸ್ತು ಮತ್ತು ನಿಯಂತ್ರಣ ಕಾಯ್ದೆ ಇತ್ತು. ಹಳೆಯ ತೀರ್ಪುಗಳಲ್ಲಿ ಅದರ ಹೆಸರು ಬಂದರೆ ಗಾಬರಿ ಬೇಡ.

ಅನುದಾನರಹಿತ ಶಾಲೆಯವರ ರಕ್ಷಣೆ ಇನ್ನೂ ತೆಳು. ಅದರಲ್ಲೂ ಸಿಬಿಎಸ್‌ಇ, ಐಸಿಎಸ್‌ಇ ಶಾಲೆಗಳನ್ನು 1983ರ ಕಾಯ್ದೆ ತನ್ನ ವ್ಯಾಪ್ತಿಯಿಂದ ಹೊರಗಿಟ್ಟಿದೆ. ಹಾಗಾಗಿ ನಿಮ್ಮ ಶಾಲೆಗೆ ಯಾವ ಕಾಯ್ದೆ ಎಂಬುದನ್ನು ವಕೀಲರ ಮುಂದೆ ಮೊದಲ ಪ್ರಶ್ನೆಯಾಗಿ ಇಡಿ.

ಕಾರ್ಮಿಕ ನ್ಯಾಯಾಲಯಕ್ಕೆ ಹೋಗಬಹುದಲ್ಲ ಎಂದು ಗಣಿ ಊರಿನಲ್ಲಿ ಬಹಳ ಮಂದಿಗೆ ಅನಿಸುತ್ತದೆ. ಮನೆಯ ಹಿರಿಯರು ಯೂನಿಯನ್ನು, ಲೇಬರ್ ಕೋರ್ಟು ನೋಡಿ ಬೆಳೆದವರಾದ್ದರಿಂದ ಅದು ಸಹಜ. ಆದರೆ ಶಿಕ್ಷಕರು ಆಗಿನ ಕೈಗಾರಿಕಾ ವಿವಾದ ಕಾಯ್ದೆಯ ಅರ್ಥದಲ್ಲಿ 'ಕಾರ್ಮಿಕ'ರಲ್ಲ ಎಂದು ಸುಪ್ರೀಂ ಕೋರ್ಟ್ 1988ರಲ್ಲೇ ಸುಂದರಾಂಬಾಳ್ ಪ್ರಕರಣದಲ್ಲಿ ಹೇಳಿದೆ. ಅದು ಗೋವಾದ ಒಬ್ಬ ಶಿಕ್ಷಕಿಯ ಪ್ರಕರಣ. ಲೇಬರ್ ಕೋರ್ಟಿನ ದಾರಿಯಲ್ಲಿ ವರ್ಷ ಕಳೆಯಬೇಡಿ.

ಲೆಕ್ಕವನ್ನೇ ಪ್ರಶ್ನಿಸಿ

ಹೆಚ್ಚುವರಿ ಎಂದ ಕೂಡಲೇ ಒಪ್ಪಿಕೊಳ್ಳಬೇಕಾಗಿಲ್ಲ. ಎಣಿಕೆ ತಪ್ಪಾಗಿರುವುದು ನೀವು ಅಂದುಕೊಂಡದ್ದಕ್ಕಿಂತ ಹೆಚ್ಚು. ಪಟ್ಟಿ ಯಾವ ದಿನಾಂಕದ ದಾಖಲಾತಿಯನ್ನು ಆಧರಿಸಿದೆ? ಆ ದಿನ ಮಕ್ಕಳ ಆನ್‌ಲೈನ್ ದಾಖಲೆ ವ್ಯವಸ್ಥೆಯಾದ ಸ್ಯಾಟ್ಸ್‌ನಲ್ಲಿ ಎಷ್ಟು ಮಕ್ಕಳ ಹೆಸರಿತ್ತು? ಬೇರೆ ಶಾಲೆಯಿಂದ ಬಂದ ಮಗುವಿನ ಟಿ.ಸಿ. ಆನ್‌ಲೈನಿನಲ್ಲಿ ವರ್ಗವಾಗದೆ ಅಲ್ಲೇ ಉಳಿದಿತ್ತೇ? 61ಕ್ಕೂ 60ಕ್ಕೂ ಇರುವ ಅಂತರ ಒಂದು ಮಗು. ಆ ಒಂದು ಮಗುವಿನ ದಾಖಲೆಯನ್ನು ಹುಡುಕಿ ತೆಗೆದರೆ ಒಂದು ಹುದ್ದೆ ಉಳಿದೀತು.

ಆರರಿಂದ ಎಂಟನೇ ತರಗತಿಗಳಿಗೆ ಲೆಕ್ಕ ಬೇರೆ. ತರಗತಿಗೊಬ್ಬರಾದರೂ ಶಿಕ್ಷಕರಿರಬೇಕು. ವಿಜ್ಞಾನ-ಗಣಿತಕ್ಕೆ ಒಬ್ಬರು, ಸಮಾಜ ವಿಜ್ಞಾನಕ್ಕೆ ಒಬ್ಬರು, ಭಾಷೆಗೆ ಒಬ್ಬರು ಇದ್ದೇ ಇರಬೇಕು. 35 ಮಕ್ಕಳಿಗೆ ಒಬ್ಬರಂತೆ ಎಣಿಕೆ. 100 ಮಕ್ಕಳು ದಾಟಿದರೆ ಪೂರ್ಣಾವಧಿ ಮುಖ್ಯ ಶಿಕ್ಷಕರು. ಒಟ್ಟು ಮಕ್ಕಳನ್ನು ಒಟ್ಟು ಶಿಕ್ಷಕರಿಂದ ಭಾಗಿಸಿ 'ನಿಮ್ಮಲ್ಲಿ ಇಬ್ಬರು ಹೆಚ್ಚು' ಎಂದು ಬರೆದಿದ್ದರೆ, ಆ ಭಾಗಾಕಾರ ಕಾಯ್ದೆಗೆ ಸರಿಹೊಂದುತ್ತದೆಯೇ ನೋಡಿ. ಪ್ರೌಢಶಾಲೆಗೆ ಈ ಅನುಸೂಚಿ ಬರುವುದಿಲ್ಲ. ಅಲ್ಲಿ ವಿಷಯವಾರು ಕಾರ್ಯಭಾರ ಮತ್ತು ಇಲಾಖೆಯ ಆದೇಶಗಳೇ ಆಧಾರ.

ಕೆಜಿಎಫ್ ಮಟ್ಟಿಗೆ ಇನ್ನೊಂದು ಮುಖ್ಯ ಅಂಶ ಮಾಧ್ಯಮ. ತಮಿಳು ಮಾಧ್ಯಮಕ್ಕೆ ನೇಮಕವಾದವರನ್ನು ಕನ್ನಡ ಮಾಧ್ಯಮದ ಶಾಲೆಗೆ, ಉರ್ದು ಮಾಧ್ಯಮದವರನ್ನು ತೆಲುಗಿಗೆ ಹಾಕಿ 'ಹೊಂದಾಣಿಕೆ ಮಾಡಿದ್ದೇವೆ' ಎಂದರೆ ಅದು ಮಕ್ಕಳಿಗೂ ಅನ್ಯಾಯ. ಜಿಲ್ಲೆಯಲ್ಲಿ ಅದೇ ಮಾಧ್ಯಮದ, ಅದೇ ವಿಷಯದ ಖಾಲಿ ಹುದ್ದೆ ಎಲ್ಲಿದೆ ಎಂಬ ಪಟ್ಟಿಯನ್ನು ನೀವೇ ಕೈಯಲ್ಲಿಟ್ಟುಕೊಂಡು ಹೋದರೆ ಅಧಿಕಾರಿಗೂ ಆದೇಶ ಬರೆಯುವುದು ಸುಲಭ.

ಆ ಪಟ್ಟಿ ಸಿಗುವುದು ಹೇಗೆ? ಮಾಹಿತಿ ಹಕ್ಕು ಅರ್ಜಿ. ಕರ್ನಾಟಕದಲ್ಲಿ ಶುಲ್ಕ 10 ರೂಪಾಯಿ, ಅರ್ಜಿ 150 ಪದ ಮೀರಬಾರದು, ಒಂದು ಅರ್ಜಿಯಲ್ಲಿ ಒಂದೇ ವಿಷಯ. ಹೀಗಾಗಿ ಎಲ್ಲವನ್ನೂ ಒಂದೇ ಅರ್ಜಿಯಲ್ಲಿ ತುರುಕದೆ, ದಾಖಲಾತಿಗೆ ಒಂದು, ಮಂಜೂರಾದ ಹುದ್ದೆಗಳಿಗೆ ಒಂದು, ಖಾಲಿ ಹುದ್ದೆಗಳಿಗೆ ಒಂದು ಎಂದು ಬೇರೆಬೇರೆ ಹಾಕಿ. ಮೊದಲೆರಡನ್ನು ಕ್ಷೇತ್ರ ಶಿಕ್ಷಣಾಧಿಕಾರಿಗಳ (ಬಿಇಒ) ಕಚೇರಿಗೆ, ಖಾಲಿ ಹುದ್ದೆಯದ್ದನ್ನು ಕೋಲಾರದ ಉಪನಿರ್ದೇಶಕರ ಕಚೇರಿಗೆ. 30 ದಿನದಲ್ಲಿ ಉತ್ತರ ಬರಬೇಕು. ಬಾರದಿದ್ದರೆ ಮುಂದಿನ 30 ದಿನದೊಳಗೆ ಮೊದಲ ಮೇಲ್ಮನವಿ. ಸರ್ಕಾರದ ಹಣದಿಂದ ಗಣನೀಯವಾಗಿ ನಡೆಯುವ ಶಿಕ್ಷಣ ಸಂಸ್ಥೆಯೂ ಮಾಹಿತಿ ಕೊಡಬೇಕು ಎಂದು ಡಿ.ಎ.ವಿ. ಕಾಲೇಜ್ ಟ್ರಸ್ಟ್ ಪ್ರಕರಣದಲ್ಲಿ 2019ರಲ್ಲಿ ಸುಪ್ರೀಂ ಕೋರ್ಟ್ ಹೇಳಿರುವುದರಿಂದ, ಶಾಲೆಯ ಆಡಳಿತ ಮಂಡಳಿಯನ್ನೂ ಕೇಳಬಹುದು.

ಹಾಜರಾತಿ ಪುಸ್ತಕ ಬಿಡಬೇಡಿ

ಇದನ್ನು ಯಾರೂ ಗಟ್ಟಿಯಾಗಿ ಹೇಳುವುದಿಲ್ಲ, ಅದಕ್ಕೆ ಇಲ್ಲಿ ಸ್ವಲ್ಪ ನಿಂತು ಹೇಳುತ್ತೇನೆ. ಸಂಬಳ ನಿಂತ ಶಿಕ್ಷಕರು ಬೇಸರದಿಂದಲೋ, ಮುಖ್ಯ ಶಿಕ್ಷಕರ ಮುಜುಗರ ನೋಡಲಾರದೆಯೋ ಶಾಲೆಗೆ ಹೋಗುವುದನ್ನು ನಿಲ್ಲಿಸುತ್ತಾರೆ. ಮುಂದೆ ನ್ಯಾಯಾಲಯದಲ್ಲಿ ಎದುರು ಪಕ್ಷದವರು ತೆಗೆಯುವ ಮೊದಲ ಅಸ್ತ್ರ ಅದೇ: 'ಇವರೇ ಕೆಲಸ ಬಿಟ್ಟು ಹೋದರು.' ಲಿಖಿತ ಬಿಡುಗಡೆ ಆದೇಶ ಕೈಗೆ ಬರುವವರೆಗೆ ದಿನವೂ ಹೋಗಿ, ದಿನವೂ ಸಹಿ ಮಾಡಿ, ವೇಳಾಪಟ್ಟಿಯಲ್ಲಿ ಇರುವ ಪಾಠ ಮಾಡಿ.

ಪುಸ್ತಕದಲ್ಲಿ ನಿಮ್ಮ ಹೆಸರಿನ ಮುಂದೆ ಕೆಂಪು ಶಾಯಿಯಲ್ಲಿ ಅಡ್ಡಗೆರೆ ಎಳೆದಿದ್ದರೆ, ಅಥವಾ ಹೊಸ ತಿಂಗಳ ಹಾಳೆಯಲ್ಲಿ ನಿಮ್ಮ ಹೆಸರನ್ನೇ ಬರೆಯದೆ ಬಿಟ್ಟಿದ್ದರೆ, ಜಗಳಕ್ಕೆ ಇಳಿಯಬೇಡಿ. ಅದೇ ದಿನ ಒಂದು ಪುಟದ ಪತ್ರ ಬರೆದು ಮುಖ್ಯ ಶಿಕ್ಷಕರಿಗೆ ಕೊಡಿ: 'ದಿನಾಂಕ ಇಂತಿಷ್ಟರಂದು ಬೆಳಿಗ್ಗೆ ಇಷ್ಟು ಗಂಟೆಗೆ ಕರ್ತವ್ಯಕ್ಕೆ ಹಾಜರಾಗಿದ್ದೇನೆ. ಹಾಜರಾತಿ ಪುಸ್ತಕದಲ್ಲಿ ಸಹಿ ಮಾಡಲು ಅವಕಾಶ ಸಿಕ್ಕಿಲ್ಲ. ಕರ್ತವ್ಯ ನಿರ್ವಹಿಸಲು ಸಿದ್ಧನಿದ್ದೇನೆ.' ತೆಗೆದುಕೊಳ್ಳಲು ನಿರಾಕರಿಸಿದರೆ ಅಂದೇ ಅಂಚೆ ಕಚೇರಿಗೆ ಹೋಗಿ ಸ್ವೀಕೃತಿ ಸಹಿತ ಸ್ಪೀಡ್ ಪೋಸ್ಟ್‌ನಲ್ಲಿ ಶಾಲೆಗೂ, ಮಂಡಳಿಯ ಕಾರ್ಯದರ್ಶಿಗೂ, ಬಿಇಒ ಅವರಿಗೂ ಕಳಿಸಿ. ರಸೀದಿಯ ಶಾಯಿ ಕೆಲ ತಿಂಗಳಲ್ಲಿ ಮಾಸಿಹೋಗುತ್ತದೆ, ಬಂದ ಕೂಡಲೇ ಜೆರಾಕ್ಸ್ ಮಾಡಿಸಿಡಿ. ಕೆಲಸ ಮಾಡಲು ಸಿದ್ಧವಿದ್ದವರನ್ನು ತಡೆದು ನಿಲ್ಲಿಸಿದ್ದಕ್ಕೆ ಇಂಥ ಪತ್ರಕ್ಕಿಂತ ಗಟ್ಟಿ ಸಾಕ್ಷಿ ಸಿಗುವುದು ಕಷ್ಟ.

ಖಾಲಿ ಹಾಳೆಗೆ, ದಿನಾಂಕವಿಲ್ಲದ ರಾಜೀನಾಮೆಗೆ, 'ಸ್ವ ಇಚ್ಛೆಯಿಂದ' ಎಂದು ಆರಂಭವಾಗುವ ಯಾವ ಕಾಗದಕ್ಕೂ ಸಹಿ ಹಾಕಬೇಡಿ. ನೇಮಕಾತಿ ಆದೇಶ, ಇಲಾಖೆಯ ಅನುಮೋದನೆ ಪತ್ರ, ಹುದ್ದೆಯನ್ನು ಅನುದಾನಕ್ಕೆ ಒಳಪಡಿಸಿದ ಆದೇಶ, ಸೇವಾ ಪುಸ್ತಕದ ಎಲ್ಲ ಪುಟಗಳು, ಕೊನೆಯ ಸಂಬಳದ ಸ್ಲಿಪ್ಪು, ಆ ಅವಧಿಯ ಬ್ಯಾಂಕ್ ಪಾಸ್‌ಬುಕ್ ಇಷ್ಟರ ಪ್ರತಿಯನ್ನು ಮನೆಯಲ್ಲಿ ಒಂದು ಕಡತ ಮಾಡಿಡಿ. ಶಾಲೆಯ ಬೀರುವಿನಲ್ಲಿದೆ ಎಂದು ನಂಬಿ ಕೂರಬೇಡಿ.

ಮನವಿ ಹೀಗಿರಲಿ

ಮನವಿ ಚಿಕ್ಕದಾಗಿರಬೇಕು, ಕೇಳಿದ್ದು ಸ್ಪಷ್ಟವಾಗಿರಬೇಕು. ಮೂರು ಪುಟದ ಕಷ್ಟಸುಖ ಓದುವ ವ್ಯವಧಾನ ಕಚೇರಿಯಲ್ಲಿ ಯಾರಿಗೂ ಇರುವುದಿಲ್ಲ. ಒಂದು ಮಾದರಿ:

'ಇವರಿಗೆ: ಉಪನಿರ್ದೇಶಕರು (ಆಡಳಿತ), ಶಾಲಾ ಶಿಕ್ಷಣ ಇಲಾಖೆ, ಕೋಲಾರ. ಮೂಲಕ: ಮುಖ್ಯ ಶಿಕ್ಷಕರು ಹಾಗೂ ಕ್ಷೇತ್ರ ಶಿಕ್ಷಣಾಧಿಕಾರಿಗಳು.

ವಿಷಯ: ಹೆಚ್ಚುವರಿ ಶಿಕ್ಷಕರೆಂದು ಗುರುತಿಸಿರುವುದಕ್ಕೆ ಆಕ್ಷೇಪಣೆ, ವೇತನ ಬಿಡುಗಡೆ ಹಾಗೂ ಖಾಲಿ ಹುದ್ದೆಗೆ ವಿಲೀನ ಕೋರಿ.

ಮಾನ್ಯರೇ, ನಾನು ಇಂಥ ಅನುದಾನಿತ ಶಾಲೆಯಲ್ಲಿ ಇಂಥ ದಿನಾಂಕದಿಂದ ಸಹ ಶಿಕ್ಷಕನಾಗಿ, ಅನುಮೋದಿತ ಹುದ್ದೆಯಲ್ಲಿ ಕೆಲಸ ಮಾಡುತ್ತಿದ್ದೇನೆ. ಇಂಥ ದಿನಾಂಕದ ಪಟ್ಟಿಯಲ್ಲಿ ನನ್ನನ್ನು ಹೆಚ್ಚುವರಿ ಎಂದು ತೋರಿಸಲಾಗಿದೆ. ಆ ದಿನಾಂಕದಂದು ಶಾಲೆಯ ದಾಖಲಾತಿ ಇಷ್ಟಿತ್ತು (ಪ್ರತಿ ಲಗತ್ತಿಸಿದೆ). ಇಂಥ ತಿಂಗಳಿಂದ ವೇತನ ಪಾವತಿಯಾಗಿಲ್ಲ, ನಾನು ಇಂದಿನವರೆಗೂ ಕರ್ತವ್ಯದಲ್ಲಿದ್ದೇನೆ. ಆದ್ದರಿಂದ (1) ಪಟ್ಟಿಯನ್ನು ಮರುಪರಿಶೀಲಿಸಲು, (2) ವಿಲೀನವಾಗುವವರೆಗೆ ಈಗಿನ ಹುದ್ದೆಯಲ್ಲೇ ಮುಂದುವರಿಸಿ ಬಾಕಿ ವೇತನ ಬಿಡುಗಡೆ ಮಾಡಲು, (3) ಸೇವಾ ಮುಂದುವರಿಕೆಯೊಂದಿಗೆ ಅದೇ ಮಾಧ್ಯಮ ಮತ್ತು ವಿಷಯದ ಖಾಲಿ ಹುದ್ದೆಗೆ ವಿಲೀನಗೊಳಿಸಲು ಕೋರುತ್ತೇನೆ. 30 ದಿನದೊಳಗೆ ಲಿಖಿತ ಆದೇಶ ನೀಡಬೇಕೆಂದು ವಿನಂತಿ.'

'ಮೂಲಕ' ಕಳಿಸಿದ ಮನವಿ ನಡುವೆ ಎಲ್ಲಾದರೂ ನಿಂತುಬಿಡುವುದುಂಟು. ಅದಕ್ಕೆ ಮುಂಗಡ ಪ್ರತಿಯೊಂದನ್ನು ನೇರವಾಗಿ ಉಪನಿರ್ದೇಶಕರ ಕಚೇರಿಯ ಟಪಾಲು ವಿಭಾಗಕ್ಕೆ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಸೀಲು, ದಿನಾಂಕ, ಸ್ವೀಕೃತಿ ಸಂಖ್ಯೆ ಹಾಕಿಸಿಕೊಳ್ಳಿ.

ಕೋರಿಕೆಯಲ್ಲಿ 'ಸೇವಾ ಮುಂದುವರಿಕೆಯೊಂದಿಗೆ' ಎಂದು ಬರೆದದ್ದು ಸುಮ್ಮನೆ ಅಲ್ಲ. ಇನ್ನೊಂದು ಶಾಲೆಗೆ ಕಳಿಸುವ ಆದೇಶದಲ್ಲಿ 'ನೇಮಕ' ಎಂದಷ್ಟೇ ಇದ್ದು, ಹಿಂದಿನ ಸೇವೆಯ ಮಾತೇ ಇಲ್ಲದಿದ್ದರೆ ಇಪ್ಪತ್ತು ವರ್ಷದ ಜ್ಯೇಷ್ಠತೆಗೆ ಕುತ್ತು ಬರಬಹುದು. ಕರ್ನಾಟಕದಲ್ಲಿ 2006ರ ಏಪ್ರಿಲ್ 1ರಂದು ಅಥವಾ ಅದರ ನಂತರ ಸೇವೆಗೆ ಸೇರಿದವರಿಗೆ ಸಾಮಾನ್ಯವಾಗಿ ಹಳೆಯ ಪಿಂಚಣಿ ಇಲ್ಲ, ಇರುವುದು ರಾಷ್ಟ್ರೀಯ ಪಿಂಚಣಿ ವ್ಯವಸ್ಥೆ, ಅಂದರೆ ಎನ್‌ಪಿಎಸ್. ಹಳೆಯ ಪಿಂಚಣಿಗೆ ಅರ್ಹರಾದವರು ಹೊಸ ಶಾಲೆಯಲ್ಲಿ 'ಹೊಸಬ'ರಾದರೆ ಆಗುವ ನಷ್ಟ ಬದುಕಿಡೀ ಇರುತ್ತದೆ. 2014ರಲ್ಲಿ ಬಂದ ಖಾಸಗಿ ಅನುದಾನಿತ ಸಂಸ್ಥೆಗಳ ನೌಕರರ ವೇತನ, ಪಿಂಚಣಿ ನಿಯಂತ್ರಣ ಕಾಯ್ದೆಯೂ ಅನುದಾನಕ್ಕೆ ಒಳಪಡುವ ಮುಂಚಿನ ಸೇವೆಯನ್ನು ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ಆದೇಶ ಕೈಗೆ ಬಂದ ದಿನವೇ ಪ್ರತಿ ಸಾಲನ್ನೂ ಓದಿ, ತಿದ್ದುಪಡಿ ಬೇಕಿದ್ದರೆ ಹೊಸ ಜಾಗದಲ್ಲಿ ಹಾಜರಾಗುವ ವರದಿಯಲ್ಲೇ ಅದನ್ನು ನಮೂದಿಸಿ.

ಕೆಲಸದಿಂದಲೇ ತೆಗೆದರೆ: ಮೂರು ತಿಂಗಳ ಗಡುವು

1983ರ ಕಾಯ್ದೆಯ ಸೆಕ್ಷನ್ 98 ಹುದ್ದೆ ಕಡಿತದ ಬಗ್ಗೆ ಮಾತಾಡುತ್ತದೆ. ಸರ್ಕಾರದ ಆದೇಶದ ಕಾರಣಕ್ಕೆ ನೌಕರರನ್ನು ಕಡಿಮೆ ಮಾಡಬೇಕಾಗಿ ಬಂದರೂ ಸಕ್ಷಮ ಪ್ರಾಧಿಕಾರದ ಪೂರ್ವಾನುಮತಿ ಬೇಕೇ ಬೇಕು. 'ಮಕ್ಕಳಿಲ್ಲ, ನಾಳೆಯಿಂದ ಬರಬೇಡಿ' ಎಂದು ಕಾರ್ಯದರ್ಶಿ ಬಾಯಿಮಾತಿನಲ್ಲಿ ಹೇಳುವುದು ಕಾನೂನಲ್ಲ. ಸೆಕ್ಷನ್ 92ರ ಪ್ರಕಾರ ವಿಚಾರಣೆಯಿಲ್ಲದೆ ವಜಾ ಮಾಡುವಂತಿಲ್ಲ, ತೆಗೆದುಹಾಕುವಂತಿಲ್ಲ, ಹುದ್ದೆ ಇಳಿಸುವಂತಿಲ್ಲ. ಹಾಗೆ ಮಾಡಿದರೆ ಸೆಕ್ಷನ್ 94ರ ಅಡಿ ಆದೇಶ ತಲುಪಿದ ಮೂರು ತಿಂಗಳೊಳಗೆ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬೇಕು.

ಈ ನ್ಯಾಯಮಂಡಳಿ ಎಲ್ಲೋ ದೂರದ ಕಟ್ಟಡವಲ್ಲ. ಜಿಲ್ಲಾ ನ್ಯಾಯಾಧೀಶರೇ ಅದರ ಕೆಲಸ ಮಾಡುತ್ತಾರೆ. ನಮ್ಮವರಿಗೆ ಕೋಲಾರದ ಜಿಲ್ಲಾ ನ್ಯಾಯಾಲಯ. ಸಂಬಳವಿಲ್ಲದ ಶಿಕ್ಷಕರು ದೂರದ ಊರಿನ ನ್ಯಾಯಾಲಯಕ್ಕೆ ಅಲೆಯಬಾರದು, ಜಿಲ್ಲೆಗೊಂದು ಇಂಥ ವ್ಯವಸ್ಥೆ ಬೇಕು ಎಂಬ ಮಾತನ್ನು 2002ರ ಅಕ್ಟೋಬರ್ 31ರಂದು ಸುಪ್ರೀಂ ಕೋರ್ಟಿನ 11 ನ್ಯಾಯಮೂರ್ತಿಗಳ ಪೀಠ ಟಿ.ಎಂ.ಎ. ಪೈ ಪ್ರಕರಣದಲ್ಲಿ ಹೇಳಿತು. ಮಣಿಪಾಲದ ಸಂಸ್ಥೆ ಕರ್ನಾಟಕ ಸರ್ಕಾರದ ವಿರುದ್ಧ ಹೂಡಿದ್ದ ಪ್ರಕರಣ ಅದು. ಕರ್ನಾಟಕದಲ್ಲಿ ಅದಕ್ಕೂ ಮೊದಲೇ, 1975ರ ಕಾಯ್ದೆಯಲ್ಲೇ, ಈ ಏರ್ಪಾಡು ಇತ್ತು. ಇಷ್ಟು ಹತ್ತಿರದ ಬಾಗಿಲನ್ನು ಮೂರು ತಿಂಗಳು ಮೀರಿದ ಮೇಲೆ ತಟ್ಟುವವರೇ ಹೆಚ್ಚು ಎಂಬುದು ನೋವಿನ ಸಂಗತಿ.

ಕೆಲಸದಿಂದ ತೆಗೆದಿಲ್ಲ, ಸಂಬಳ ಮಾತ್ರ ನಿಲ್ಲಿಸಿದ್ದಾರೆ ಎಂದಾದರೆ ದಾರಿ ಬೇರೆ. ಅದು ವಜಾ ಅಲ್ಲವಾದ್ದರಿಂದ ಸೆಕ್ಷನ್ 94 ನೇರವಾಗಿ ಒದಗುವುದಿಲ್ಲ. ಇಲಾಖೆ ಅನುದಾನ ತಡೆದ ಆದೇಶದ ವಿರುದ್ಧ ಅದೇ ಕಾಯ್ದೆಯಲ್ಲಿ ಮೇಲಧಿಕಾರಿಗೆ ಮೇಲ್ಮನವಿ, ಸರ್ಕಾರಕ್ಕೆ ಪುನರ್ವಿಮರ್ಶೆ ಅರ್ಜಿ (ಸೆಕ್ಷನ್ 130, 131) ಇದೆ. ಅಲ್ಲಿ ಕೆಲಸ ಆಗದಿದ್ದರೆ ಸಂವಿಧಾನದ 226ನೇ ವಿಧಿಯಡಿ ಬೆಂಗಳೂರಿನ ಹೈಕೋರ್ಟಿನಲ್ಲಿ ರಿಟ್ ಅರ್ಜಿ. ಒಂದು ಮಾತು ಮರೆಯಬೇಡಿ: ಇಲಾಖೆಯನ್ನೂ ಆಡಳಿತ ಮಂಡಳಿಯನ್ನೂ ಇಬ್ಬರನ್ನೂ ಪ್ರತಿವಾದಿ ಮಾಡಿ. ಒಬ್ಬರನ್ನೇ ಮಾಡಿದರೆ ಅವರು ಇನ್ನೊಬ್ಬರತ್ತ ಬೆರಳು ತೋರಿಸಿ ಪಾರಾಗುತ್ತಾರೆ.

ಬಾಕಿ ಸಂಬಳ, ಬಡ್ಡಿ

ನ್ಯಾಯಾಲಯಗಳು ಈ ವಿಷಯದಲ್ಲಿ ಶಿಕ್ಷಕರ ಪರವಾಗಿ ಸಾಕಷ್ಟು ಹೇಳಿವೆ. ಎಲ್ಲಕ್ಕಿಂತ ಮೊದಲು ತಿಳಿಯಬೇಕಾದದ್ದು ದೀಪಾಲಿ ಗುಂಡು ಸುರ್ವಸೆ ಪ್ರಕರಣ. ಮಹಾರಾಷ್ಟ್ರದ ಔರಂಗಾಬಾದಿನ ಪ್ರಾಥಮಿಕ ಶಾಲೆಯೊಂದರ ಶಿಕ್ಷಕಿ ಅವರು. ಶಾಲಾ ನ್ಯಾಯಮಂಡಳಿ ಅವರನ್ನು ಪೂರ್ತಿ ಬಾಕಿ ಸಂಬಳದೊಂದಿಗೆ ಮರಳಿ ಕೆಲಸಕ್ಕೆ ತೆಗೆದುಕೊಳ್ಳಲು ಹೇಳಿತು. ಬಾಂಬೆ ಹೈಕೋರ್ಟ್ ಬಾಕಿ ಸಂಬಳದ ಭಾಗವನ್ನು ರದ್ದು ಮಾಡಿತು. 2013ರ ಆಗಸ್ಟ್ 12ರಂದು ಸುಪ್ರೀಂ ಕೋರ್ಟ್ ಅದನ್ನು ಮರಳಿ ಕೊಡಿಸಿತು. ತಪ್ಪಾಗಿ ತೆಗೆದುಹಾಕಿದ್ದರೆ ಬಾಕಿ ಸಂಬಳ ಸಿಗುವುದೇ ಸಾಮಾನ್ಯ ನಿಯಮ ಎಂಬುದು ಅದರ ಸಾರ. ಆದರೆ ಅಲ್ಲೊಂದು ಷರತ್ತಿದೆ. ಆ ಅವಧಿಯಲ್ಲಿ ತಾನು ಬೇರೆಲ್ಲೂ ಅಂಥ ಸಂಬಳದ ಕೆಲಸದಲ್ಲಿರಲಿಲ್ಲ ಎಂದು ಶಿಕ್ಷಕರು ಅರ್ಜಿಯಲ್ಲೇ ಹೇಳಬೇಕು. ಹೇಳಿದ ಮೇಲೆ ಅದು ಸುಳ್ಳೆಂದು ತೋರಿಸುವ ಹೊರೆ ಎದುರು ಪಕ್ಷದ್ದು. ಬಹಳಷ್ಟು ಅರ್ಜಿಗಳಲ್ಲಿ ಈ ಒಂದು ವಾಕ್ಯ ಬಿಟ್ಟುಹೋಗಿರುತ್ತದೆ. ಸಂಜೆ ನಾಲ್ಕು ಮಕ್ಕಳಿಗೆ ಮನೆಪಾಠ ಹೇಳಿ ಅಕ್ಕಿ ಬೇಳೆ ತಂದಿದ್ದರೆ ಅದನ್ನು ಮುಚ್ಚಿಡಬೇಡಿ, ಇದ್ದದ್ದನ್ನು ಇದ್ದ ಹಾಗೆ ಬರೆಯಿರಿ.

ತಡವಾದ ಸಂಬಳಕ್ಕೆ ಬಡ್ಡಿ ಕೇಳಬಹುದೇ? ಕೇಳಲೇಬೇಕು. ಕೋವಿಡ್ ಸಮಯದಲ್ಲಿ ಆಂಧ್ರ ಸರ್ಕಾರ ತಡೆಹಿಡಿದ ಸಂಬಳ, ಪಿಂಚಣಿಯ ಬಗ್ಗೆ ದಿನವಾಹಿ ಲಕ್ಷ್ಮಿ ಕಾಮೇಶ್ವರಿ ಪ್ರಕರಣದಲ್ಲಿ 2021ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಶೇ 6ರ ಬಡ್ಡಿ ಕೊಡಿಸಿತು. ಹೈಕೋರ್ಟ್ ಶೇ 12 ಎಂದಿತ್ತು, ಅದು ಇಳಿಯಿತು. ಉದಾಹರಣೆಗೆ ತಿಂಗಳಿಗೆ 45,000 ರೂಪಾಯಿಯಂತೆ 14 ತಿಂಗಳು ಬಾಕಿ ಇದ್ದರೆ ಅಸಲು 6,30,000. ಶೇ 6ರಂತೆ ಒಂದು ವರ್ಷಕ್ಕೆ 37,800. ಅರ್ಜಿಗೆ ತಿಂಗಳುವಾರು ತಖ್ತೆ ಲಗತ್ತಿಸಿ. ಮೂಲ ವೇತನ, ತುಟ್ಟಿಭತ್ಯೆ, ಮನೆ ಬಾಡಿಗೆ ಭತ್ಯೆ, ಆ ಅವಧಿಯಲ್ಲಿ ಬರಬೇಕಿದ್ದ ವಾರ್ಷಿಕ ವೇತನ ಬಡ್ತಿ ಎಲ್ಲವೂ ಅದರಲ್ಲಿರಲಿ.

ಹಳೆಯ ಬಾಕಿಗೆ ಮಿತಿಯೂ ಇದೆ. ಸಂಬಳದಂಥ ಮುಂದುವರಿಯುವ ಅನ್ಯಾಯದಲ್ಲಿ ತಡವಾಗಿ ಬಂದರೂ ಹಕ್ಕು ಉಳಿಯಬಹುದು, ಆದರೆ ಬಾಕಿ ಸಾಮಾನ್ಯವಾಗಿ ಅರ್ಜಿಗೆ ಹಿಂದಿನ ಮೂರು ವರ್ಷಕ್ಕಷ್ಟೇ ಸಿಗುತ್ತದೆ ಎಂದು 2008ರ ತರ್ಸೇಮ್ ಸಿಂಗ್ ತೀರ್ಪು ಹೇಳುತ್ತದೆ. ಅನುದಾನರಹಿತ ಶಾಲೆಯವರು ಸಂಬಳಕ್ಕಾಗಿ ಸಿವಿಲ್ ದಾವೆ ಹೂಡುವುದಾದರೂ ಕಾಲಮಿತಿ ಮೂರೇ ವರ್ಷ. ಐದು ವರ್ಷ ಸೇವೆ ಮುಗಿಸಿದ ಖಾಸಗಿ ಶಾಲೆಯ ಶಿಕ್ಷಕರಿಗೆ ಗ್ರಾಚ್ಯುಟಿ ಉಂಟು. 2009ರ ತಿದ್ದುಪಡಿ ಅದನ್ನು 1997ರ ಏಪ್ರಿಲ್ 3ರಿಂದಲೇ ಅನ್ವಯಿಸಿತು, 2022ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಆ ತಿದ್ದುಪಡಿಯನ್ನು ಎತ್ತಿಹಿಡಿಯಿತು.

'ನಿಮ್ಮ ಹುದ್ದೆ ಮೂರು ವರ್ಷದ ಹಿಂದೆಯೇ ಹೆಚ್ಚುವರಿಯಾಗಿತ್ತು, ಕೊಟ್ಟ ಸಂಬಳ ವಾಪಸು ಕಟ್ಟಿ' ಎಂಬ ವಸೂಲಿ ನೋಟಿಸು ಬಂದರೆ ಹೆದರಬೇಡಿ. ಮಾಡಿದ ಕೆಲಸದ ಸಂಬಳ ಅದು. ನೌಕರನ ಮೋಸವಿಲ್ಲದೆ ಹೆಚ್ಚಾಗಿ ಪಾವತಿಯಾದದ್ದನ್ನೇ ಸಿ, ಡಿ ವರ್ಗದವರಿಂದ, ನಿವೃತ್ತರಿಂದ ವಸೂಲಿ ಮಾಡಬಾರದು ಎಂದು 2014ರ ರಫೀಕ್ ಮಸೀಹ್ ತೀರ್ಪು ಹೇಳಿದೆ. 2022ರಲ್ಲಿ ಥಾಮಸ್ ಡೇನಿಯಲ್ ಎಂಬ ಕೇರಳದ ಅನುದಾನಿತ ಶಾಲೆಯ ನಿವೃತ್ತ ಶಿಕ್ಷಕರ ವಿರುದ್ಧದ ವಸೂಲಿಯೂ ಸುಪ್ರೀಂ ಕೋರ್ಟಿನಲ್ಲಿ ರದ್ದಾಯಿತು.

ಎದುರಿನ ಮಾತನ್ನೂ ಹೇಳಿಬಿಡಬೇಕು. ಅನುದಾನ ಪಡೆಯುವುದು ಸಂಸ್ಥೆಯ ಮೂಲಭೂತ ಹಕ್ಕಲ್ಲ, ಸರ್ಕಾರ ನೀತಿಯ ಕಾರಣಕ್ಕೆ ಅದನ್ನು ಹಿಂತೆಗೆಯಬಹುದು ಎಂದು 2021ರ ಸೆಪ್ಟೆಂಬರ್‌ನಲ್ಲಿ ಉತ್ತರ ಪ್ರದೇಶದ ಅಭಯ್ ನಂದನ್ ಇಂಟರ್ ಕಾಲೇಜ್ ಪ್ರಕರಣದಲ್ಲಿ ತೀರ್ಪಾಗಿದೆ. ಹಾಗಾಗಿ 'ಅನುದಾನ ಮುಂದುವರಿಸಿ' ಎಂದಷ್ಟೇ ಕೇಳುವ ಅರ್ಜಿ ದುರ್ಬಲ. 'ಅನುಮೋದಿತ ಹುದ್ದೆಯಲ್ಲಿದ್ದೇನೆ, ಕೆಲಸ ಮಾಡಿದ್ದೇನೆ, ಖಾಲಿ ಹುದ್ದೆ ಇಲ್ಲಿದೆ, ವಿಲೀನಗೊಳಿಸಿ, ಅಲ್ಲಿಯವರೆಗೆ ಸಂಬಳ ಕೊಡಿ' ಎಂಬ ಅರ್ಜಿಗೆ ಬಲ ಹೆಚ್ಚು.

ಸರ್ಕಾರಿ ಶಾಲೆಯವರಿಗೆ

ಇವರ ಕೆಲಸಕ್ಕೆ ಕುತ್ತಿಲ್ಲ. 2020ರ ಶಿಕ್ಷಕರ ವರ್ಗಾವಣೆ ನಿಯಂತ್ರಣ ಕಾಯ್ದೆಯಂತೆ ಹೆಚ್ಚುವರಿ ಪಟ್ಟಿ, ಆಕ್ಷೇಪಣೆ, ಕೌನ್ಸೆಲಿಂಗ್ ನಡೆದು ಜಾಗ ಬದಲಾಗುತ್ತದೆ. ಗಂಭೀರ ಕಾಯಿಲೆ, ಅಂಗವೈಕಲ್ಯದಂಥ ಕಾರಣಗಳಿದ್ದರೆ ಆಕ್ಷೇಪಣೆಯ ಅವಧಿಯಲ್ಲೇ ದಾಖಲೆ ಕೊಡಬೇಕು, ಕೌನ್ಸೆಲಿಂಗ್ ಮುಗಿದ ಮೇಲೆ ಕೇಳುವವರಿಲ್ಲ. ಸಂಬಳ ನಿಲ್ಲುವುದು ಬಹುತೇಕ ಆಮೇಲೆ: ಹಳೆಯ ಕಚೇರಿಯಿಂದ ಕೊನೆಯ ವೇತನ ಪ್ರಮಾಣಪತ್ರ, ಅಂದರೆ ಎಲ್‌ಪಿಸಿ ಬಂದಿರುವುದಿಲ್ಲ, ಸಂಬಳದ ತಂತ್ರಾಂಶವಾದ ಎಚ್‌ಆರ್‌ಎಂಎಸ್‌ನಲ್ಲಿ ಹೊಸ ಜಾಗಕ್ಕೆ ಹೆಸರು ವರ್ಗವಾಗಿರುವುದಿಲ್ಲ, ಅಥವಾ ಹೊಸ ಹುದ್ದೆಯ ಲೆಕ್ಕ ಶೀರ್ಷಿಕೆಯೇ ಬೇರೆ. ಬಿಡುಗಡೆಯಾಗುವ ದಿನವೇ ಎಲ್‌ಪಿಸಿ ಪ್ರತಿಯನ್ನು ಕೈಯಲ್ಲಿ ಪಡೆದರೆ ಎರಡು ತಿಂಗಳ ಅಲೆದಾಟ ತಪ್ಪುತ್ತದೆ. ಜಾಗ ತೋರಿಸದೆ ಕಾಯಿಸಿದ್ದರೆ ಆ ದಿನಗಳನ್ನು ಕಡ್ಡಾಯ ನಿರೀಕ್ಷಣಾ ಅವಧಿ ಎಂದು, ಕರ್ತವ್ಯ ಎಂದು ಪರಿಗಣಿಸಿ ಆದೇಶ ಮಾಡಿಸಿಕೊಳ್ಳಿ.

ಕೆಎಟಿಗೆ ಹೋಗಲು ಅಂತಿಮ ಆದೇಶದಿಂದ ಒಂದು ವರ್ಷ. ನಿಯಮಬದ್ಧ ಮೇಲ್ಮನವಿಗೆ ಆರು ತಿಂಗಳು ಉತ್ತರ ಬಾರದಿದ್ದರೆ ಅಲ್ಲಿಂದ ಒಂದು ವರ್ಷ. ಮತ್ತೆ ಮತ್ತೆ ಮನವಿ ಬರೆಯುತ್ತಿದ್ದರೆ ಅವಧಿ ಬೆಳೆಯುವುದಿಲ್ಲ ಎಂದು 1989ರಲ್ಲೇ ಎಸ್.ಎಸ್. ರಾಥೋಡ್ ಪ್ರಕರಣದಲ್ಲಿ ಸ್ಪಷ್ಟವಾಗಿದೆ.

ಗಡಿಯಾಚೆಯ ಕನ್ನಡ ಶಾಲೆಗಳಲ್ಲಿ

ಕಾಸರಗೋಡಿನ ಕನ್ನಡ ಮಾಧ್ಯಮದ ಅನುದಾನಿತ ಶಾಲೆಗಳಲ್ಲಿ ಇದೇ ಸಮಸ್ಯೆಗೆ ಕೇರಳ ಬೇರೆ ದಾರಿ ಕಂಡುಕೊಂಡಿದೆ. ಶಾಲೆ ತೆರೆದ ಆರನೇ ಕೆಲಸದ ದಿನದ ಮಕ್ಕಳ ಸಂಖ್ಯೆಯೇ ಅಲ್ಲಿ ಹುದ್ದೆ ನಿರ್ಣಯದ ಆಧಾರ. ದಿನಾಂಕ ಗೊತ್ತಿರುವುದರಿಂದ ಎಲ್ಲರೂ ಮೊದಲೇ ಎಚ್ಚರವಾಗಿರುತ್ತಾರೆ. ಹುದ್ದೆ ಹೋದವರಲ್ಲಿ ಅರ್ಹರಾದವರು 'ಸಂರಕ್ಷಿತ ಅಧ್ಯಾಪಕ'ರಾಗಿ ಬೇರೆ ಶಾಲೆಗೆ ಹೋಗುತ್ತಾರೆ. ಅದೇ ಮ್ಯಾನೇಜ್‌ಮೆಂಟಿನ ಶಾಲೆಯಲ್ಲಿ ಮುಂದೆ ಹುದ್ದೆ ಖಾಲಿಯಾದರೆ ಮೊದಲ ಹಕ್ಕು ಅವರದ್ದೇ ಎಂದು ಕೇರಳ ಶಿಕ್ಷಣ ನಿಯಮಗಳ 51ಎ ಹೇಳುತ್ತದೆ. ಮಹಾರಾಷ್ಟ್ರದ ಜತ್ತ, ಅಕ್ಕಲಕೋಟೆಯ ಕನ್ನಡ ಶಾಲೆಗಳಿಗೆ ಆ ರಾಜ್ಯದ ಖಾಸಗಿ ಶಾಲಾ ನೌಕರರ 1981ರ ನಿಯಮಗಳ 26ನೇ ನಿಯಮ ಅನ್ವಯಿಸುತ್ತದೆ. ಕಾಯಂ ಶಿಕ್ಷಕರಿಗೆ ಮೂರು ತಿಂಗಳ ನೋಟಿಸು ಕೊಡಬೇಕು, ಬೇರೆಡೆ ವಿಲೀನದ ವ್ಯವಸ್ಥೆಯೂ ಅದರಲ್ಲಿದೆ. ನಮ್ಮಲ್ಲೂ ಎಣಿಕೆಯ ದಿನ ಮೊದಲೇ ಪ್ರಕಟವಾಗಿ, ಮರಳಿ ಬರುವ ಹಕ್ಕು ಕೇರಳದಷ್ಟು ಸ್ಪಷ್ಟವಾಗಿ ನಿಯಮದಲ್ಲಿ ಬಂದರೆ ಅರ್ಧ ವ್ಯಾಜ್ಯ ಹುಟ್ಟುವುದೇ ಇಲ್ಲ. ಶಿಕ್ಷಕರ ಸಂಘಗಳು ಕೇಳಬೇಕಾದ ಬೇಡಿಕೆ ಇದು.

ಖರ್ಚು, ಗೆದ್ದ ಮೇಲಿನ ಕೆಲಸ

ಸಂಬಳವಿಲ್ಲದವರು ವಕೀಲರ ಫೀಜು ಎಲ್ಲಿಂದ ತಂದಾರು? 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಡಿ ಮಹಿಳೆಯರಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ, ಅಂಗವಿಕಲರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ, ಉಳಿದವರಿಗೆ ಆದಾಯ ಮಿತಿ ಇದೆ. ತಾಲ್ಲೂಕು ಕಾನೂನು ಸೇವೆಗಳ ಸಮಿತಿ ನ್ಯಾಯಾಲಯದ ಆವರಣದಲ್ಲೇ ಇರುತ್ತದೆ, ದೂರವಾಣಿ 15100. ಅನುದಾನಿತ ಶಾಲೆಗಳಲ್ಲಿ ಮಹಿಳಾ ಶಿಕ್ಷಕರು ಎಷ್ಟೊಂದು ಮಂದಿ ಇದ್ದಾರೆ, ಈ ಸೌಲಭ್ಯ ತಮಗೂ ಉಂಟು ಎಂಬುದು ಅವರಲ್ಲಿ ಹೆಚ್ಚಿನವರಿಗೆ ಗೊತ್ತಿಲ್ಲ. ಒಂದೇ ಆದೇಶದಿಂದ ತೊಂದರೆಗೊಳಗಾದ ನಾಲ್ಕೈದು ಮಂದಿ ಒಬ್ಬರೇ ವಕೀಲರನ್ನು ಹಿಡಿದರೂ ಖರ್ಚು ಹಂಚಿಹೋಗುತ್ತದೆ.

ಆದೇಶ ನಿಮ್ಮ ಪರವಾಗಿ ಬಂದ ದಿನ ಪೇಡ ಹಂಚುವ ಮೊದಲು ದೃಢೀಕೃತ ಪ್ರತಿಗೆ ಅರ್ಜಿ ಹಾಕಿ. ಅದು ಕೈಗೆ ಬಂದ ಕೂಡಲೇ ಮನವಿ ಪತ್ರದೊಂದಿಗೆ ಇಲಾಖೆಗೂ ಮಂಡಳಿಗೂ ತಲುಪಿಸಿ. ತಲುಪಿದ ದಿನದಿಂದಲೇ ಪಾಲಿಸಬೇಕಾದ ಗಡುವು ಶುರುವಾಗುವುದು ಸಾಮಾನ್ಯ. ಗಡುವು ಮುಗಿದರೂ ಹಣ ಬಾರದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದು, ಅದಕ್ಕೆ ಒಂದು ವರ್ಷದ ಕಾಲಮಿತಿ. ಎರಡನೇ ವರ್ಷಕ್ಕೆ ಕಾಲಿಟ್ಟ ಮೇಲೆ 'ಇನ್ನೂ ಕೊಟ್ಟಿಲ್ಲ ಸಾರ್' ಎಂದು ಹೋದರೆ ಆ ದಾರಿ ಮುಚ್ಚಿರುತ್ತದೆ.

ಬಾಕಿ ಹಣ ಖಾತೆಗೆ ಬಿದ್ದ ಮೇಲೂ ಒಂದು ಕೆಲಸ ಉಳಿದಿರುತ್ತದೆ. ಸಂಬಳವಿಲ್ಲದೆ ಕಳೆದ ಆ ತಿಂಗಳುಗಳು ಕರ್ತವ್ಯದ ಅವಧಿ ಎಂದು ಸೇವಾ ಪುಸ್ತಕದಲ್ಲಿ ದಾಖಲಾಗಬೇಕು, ಆದೇಶದ ಸಂಖ್ಯೆ, ದಿನಾಂಕ, ಅಧಿಕಾರಿಯ ಸಹಿ ಸಮೇತ. ಅಲ್ಲಿ ಖಾಲಿ ಬಿಟ್ಟರೆ ನಿವೃತ್ತಿಯ ಹೊತ್ತಿಗೆ ಪಿಂಚಣಿ ಕಡತ ಮಹಾಲೇಖಪಾಲರ ಕಚೇರಿಯಿಂದ ಆಕ್ಷೇಪಣೆಯೊಂದಿಗೆ ಮರಳಿ ಬರುತ್ತದೆ. ಆಗ ಬಿಇಒ ಬೇರೆಯವರಾಗಿರುತ್ತಾರೆ, ಮುಖ್ಯ ಶಿಕ್ಷಕರೂ ಬದಲಾಗಿರುತ್ತಾರೆ. ಶಾಲೆಯೇ ಮುಚ್ಚಿದ್ದರೂ ಆಶ್ಚರ್ಯವಿಲ್ಲ. ಬಾಕಿ ಬಂದ ತಿಂಗಳಲ್ಲೇ ಕಚೇರಿಗೆ ಹೋಗಿ, ಆ ಪುಟ ತುಂಬಿಸಿ, ಫೋಟೊ ತೆಗೆದುಕೊಂಡು ಬನ್ನಿ.